ಬೀಗದ ಕೈ ಕೇಳಿದವಳು

ಆಕ್ಸಿರಿಂಕಸ್ ಎಂಬ ಊರಿನ ಹೆಸರು ಕನ್ನಡಿಗರಿಗೆ ತೀರಾ ಅಪರಿಚಿತವೇನಲ್ಲ. ಈಜಿಪ್ಟಿನ ಆ ಊರಿನ ತಿಪ್ಪೆಗುಡ್ಡೆಗಳಲ್ಲಿ ಸಿಕ್ಕಿದ ಗ್ರೀಕ್ ಪ್ರಹಸನವೊಂದರಲ್ಲಿ ಕನ್ನಡದ ಮಾತುಗಳಿವೆ ಎಂದು 1904ರಲ್ಲಿ ಹುಲ್ಟ್ಜ್ ಎಂಬ ಜರ್ಮನ್ ವಿದ್ವಾಂಸರು ಹೇಳಿದರು. ಗೋವಿಂದ ಪೈಗಳು ಆ ಬಗ್ಗೆ ಬರೆದರು, ಬಾರ್ನೆಟ್ ಅವರು ಒಪ್ಪಲಿಲ್ಲ. ರಾಜ್ಯೋತ್ಸವದ ಭಾಷಣಗಳಲ್ಲಿ ಈ ವಿಷಯ ಈಗಲೂ ಆಗಾಗ ಬಂದುಹೋಗುತ್ತದೆ. ನಾನೂ ಆ ಪ್ರಹಸನದ ಬೆನ್ನು ಹತ್ತಿಯೇ ಈ ಕಡೆ ಬಂದವಳು. ಆದರೆ ನನ್ನನ್ನು ಹಿಡಿದು ನಿಲ್ಲಿಸಿದ್ದು ಬೇರೊಂದು ಕಾಗದ.

ಗ್ರೆನ್‌ಫೆಲ್ ಮತ್ತು ಹಂಟ್ ಎಂಬ ಇಬ್ಬರು ಆಕ್ಸ್‌ಫರ್ಡ್ ವಿದ್ವಾಂಸರು 1896ರ ಚಳಿಗಾಲದಿಂದ 1907ರವರೆಗೆ ಹಲವು ಸಲ ಅಲ್ಲಿ ಅಗೆದರು. ಮಳೆಯೇ ಇಲ್ಲದ ನೆಲ. ಊರವರು ನೂರಾರು ವರ್ಷ ಎಸೆದ ರದ್ದಿ ಮರಳಿನಡಿ ಹಾಗೆಯೇ ಉಳಿದಿತ್ತು. ಲೆಕ್ಕದ ಚೀಟಿ, ಸಾಲಪತ್ರ, ಮದುವೆಯ ಕರಾರು, ಮಗ ಅಪ್ಪನಿಗೆ ಬರೆದ ಪತ್ರ, ಎಲ್ಲವೂ ಪಪೈರಸ್ ಹಾಳೆಗಳ ಮೇಲೆ. ಅವರು ಪ್ರಕಟಿಸಿದ ಸಂಪುಟಗಳಲ್ಲಿ ಆರನೆಯದು 1908ರದು. ಅದರಲ್ಲಿ 903ನೆಯ ಸಂಖ್ಯೆಯ ಕಾಗದ, ನಾಲ್ಕನೆಯ ಅಥವಾ ಐದನೆಯ ಶತಮಾನದ್ದು, ಹೆಂಡತಿಯೊಬ್ಬಳು ಗಂಡನ ಮೇಲೆ ಕೊಟ್ಟ ದೂರು. ಆ ಹೊತ್ತಿಗೆ ಈಜಿಪ್ಟು ಬಹುಮಟ್ಟಿಗೆ ಕ್ರೈಸ್ತವಾಗಿತ್ತು. ದೂರು ಗ್ರೀಕಿನಲ್ಲಿದೆ.

ಅವಳು ಹೇಳುವುದನ್ನು ನನ್ನ ಮಾತಿನಲ್ಲಿ ಹೇಳುತ್ತೇನೆ. ಗಂಡ ತನ್ನ ಆಳುಗಳನ್ನು, ಅವಳ ಆಳುಗಳನ್ನು, ಅವಳು ಸಾಕಿದ ಹೆಣ್ಣುಮಕ್ಕಳನ್ನು, ಕಡೆಗೆ ತನ್ನ ಕಾರಭಾರಿಯನ್ನೂ ಅವನ ಮಗನನ್ನೂ ಏಳು ದಿನ ನೆಲಮಾಳಿಗೆಯಲ್ಲಿ ಕೂಡಿಹಾಕಿದ. ಜೋಯಿ ಎಂಬ ದಾಸಿಯನ್ನು ಅರೆಜೀವವಾಗುವಂತೆ ಹೊಡೆದ. ಸಾಕುಮಕ್ಕಳ ಬಟ್ಟೆ ಬಿಚ್ಚಿಸಿ ಬೆಂಕಿಯಿಂದ ಸುಟ್ಟ. ನನ್ನ ಮನೆಯಿಂದ ಇವಳು ಏನೇನು ಸಾಗಿಸಿದ್ದಾಳೆ ಹೇಳಿ ಎಂದು ಅವನ ಪ್ರಶ್ನೆ. ಏನೂ ಸಾಗಿಸಿಲ್ಲ ಎಂದು ಅವರು ಏಟು ತಿನ್ನುತ್ತಲೇ ಹೇಳಿದರು.

ಇಷ್ಟಾದ ಮೇಲೆ ರಾಜಿ. ಬಿಷಪ್ಪರ ಎದುರು, ತನ್ನ ಅಣ್ಣತಮ್ಮಂದಿರ ಎದುರು ಅವನು ಆಣೆಯಿಟ್ಟ: ಇನ್ನುಮೇಲೆ ಇವಳನ್ನು ಬೈಯುವುದಿಲ್ಲ, ಬೀಗದ ಕೈಗಳನ್ನು ಇವಳಿಂದ ಬಚ್ಚಿಡುವುದಿಲ್ಲ. ಮದುವೆಯ ಕರಾರೂ ಆಯಿತು. ಕರಾರಾದ ಮೇಲೆ ಬೀಗದ ಕೈ ಮತ್ತೆ ಬಚ್ಚಿಟ್ಟ! ಆಳುಗಳನ್ನು ನಂಬಿದ, ನನ್ನನ್ನು ನಂಬಲಿಲ್ಲ ಎನ್ನುತ್ತಾಳೆ. ಅವಳು ಚರ್ಚಿಗೆ ಹೋಗಿ ಬರುವಷ್ಟರಲ್ಲಿ ಹೊರಬಾಗಿಲು ಹಾಕಿಸಿ, ಚರ್ಚಿಗೇಕೆ ಹೋದೆ ಎಂದು ಕೇಳಿದ. ಅವಳ ಹೆಸರಿನಲ್ಲಿ ಸರ್ಕಾರಕ್ಕೆ ಸಲ್ಲಬೇಕಾದ 100 ಆರ್ಟಬಾ ಧಾನ್ಯದಲ್ಲಿ ಒಂದು ಅಳತೆಯನ್ನೂ ಕಟ್ಟಲಿಲ್ಲ. ಇನ್ನೊಂದು ತಿಂಗಳಲ್ಲಿ ಬೇರೊಬ್ಬಳನ್ನು ಇಟ್ಟುಕೊಳ್ಳುತ್ತೇನೆ ಎಂದು ಹೇಳುತ್ತಲೇ ಇದ್ದ. ಇದೆಲ್ಲ ದೇವರಿಗೆ ಗೊತ್ತು ಎಂಬಲ್ಲಿಗೆ ಬರಹ ನಿಲ್ಲುತ್ತದೆ.

ಸೊಂಟದಲ್ಲಿ ಬೀಗದ ಕೈ ಗೊಂಚಲು ಸಿಕ್ಕಿಸಿಕೊಂಡವಳೇ ಮನೆಯೊಡತಿ ಎಂಬುದು ನಮ್ಮ ಹಿರಿಯರ ಮನೆಗಳಲ್ಲಿ ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ. ಹಾಗಾಗಿ ಬೆಂಕಿ, ಏಟುಗಳ ಪಕ್ಕದಲ್ಲಿ ಬೀಗದ ಕೈಯ ಮಾತು ಬಂದಾಗ ನನಗೆ ಅದು ಸಣ್ಣದೆನಿಸಲಿಲ್ಲ. ಆ ಹೆಂಗಸಿನ ಹೆಸರು ಕಾಗದದಲ್ಲಿಲ್ಲ. ಜೋಯಿಯ ಹೆಸರಿದೆ. ಏಟು ತಿಂದವಳು ಹೆಸರಾಗಿ ಉಳಿದಳು, ಅವಳ ಒಡತಿ ಉಳಿಯಲಿಲ್ಲ. ಒಡತಿಯನ್ನು ಪೂರಾ ಮುಗ್ಧೆ ಎನ್ನಲೂ ನಾನು ತಯಾರಿಲ್ಲ. ಅವಳ ಮನೆಯಲ್ಲೂ ಕೊಂಡುತಂದ ಮನುಷ್ಯರಿದ್ದರು. ದೂರು ಎಂದರೆ ಒಂದೇ ಕಡೆಯ ಮಾತು, ಅದೂ ನೆನಪಿರಲಿ.

ಅವಳು ಗಂಡನನ್ನು ಬಿಟ್ಟುಬಿಡಬಹುದಿತ್ತಲ್ಲ? 331ರಲ್ಲಿ ಕಾನ್‌ಸ್ಟಂಟೈನ್ ಚಕ್ರವರ್ತಿ ಹೊರಡಿಸಿದ ಕಾನೂನಿನಂತೆ ಗಂಡ ಕೊಲೆಗಾರನಾಗಿದ್ದರೆ, ವಿಷ ಹಾಕುವವನಾಗಿದ್ದರೆ ಅಥವಾ ಗೋರಿ ಒಡೆಯುವವನಾಗಿದ್ದರೆ ಮಾತ್ರ ಹೆಂಡತಿ ತಾನಾಗಿ ಅವನನ್ನು ಬಿಡಬಹುದು. ಕುಡುಕ, ಜೂಜುಗಾರ, ಹೆಣ್ಣುಗಳ ಹಿಂದೆ ಬಿದ್ದವ ಎಂಬುದು ಸಾಲದು. ಆದರೂ ಜನ ದಾರಿ ಹುಡುಕಿಕೊಂಡರು. ಆರನೆಯ ಶತಮಾನದ ಕೆಲವು ಗ್ರೀಕ್ ವಿಚ್ಛೇದನ ಪತ್ರಗಳಲ್ಲಿ ಗಂಡನದೂ ತಪ್ಪಿಲ್ಲ, ಹೆಂಡತಿಯದೂ ತಪ್ಪಿಲ್ಲ. ನಡುವೆ ಕೆಟ್ಟ ಪಿಶಾಚಿ ಹೊಕ್ಕಿತು, ಅದಕ್ಕೇ ಬೇರೆಯಾಗುತ್ತಿದ್ದೇವೆ ಎಂದಿರುತ್ತದೆ. ವಕೀಲರ ಜಾಣತನ ಇವತ್ತಿನದಲ್ಲ.

ಗ್ರೀಕ್ ಕಚೇರಿಯ ಭಾಷೆ. ಮನೆಯಲ್ಲಿ ಬಹುಮಂದಿ ಆಡುತ್ತಿದ್ದುದು ಈಜಿಪ್ಟಿನ ಹಳೆಯ ಭಾಷೆಯನ್ನು; ಅದನ್ನು ಗ್ರೀಕ್ ಅಕ್ಷರಗಳಲ್ಲಿ, ಹಳೆಯ ಲಿಪಿಯ ಆರೇಳು ಅಕ್ಷರ ಸೇರಿಸಿಕೊಂಡು ಬರೆದದ್ದೇ ಕಾಪ್ಟಿಕ್. ಕೋರ್ಟಿಗೊಂದು ಭಾಷೆ, ಅಡುಗೆಮನೆಗೊಂದು ಭಾಷೆ. ಹೊರನಾಡಿನಲ್ಲಿ ಬಾಳುವ ನಮಗೆ ಇದರಲ್ಲಿ ಹೊಸತೇನಿದೆ!

ಆ ಕಾಪ್ಟಿಕ್ಕಿನ ದೊಡ್ಡ ಲೇಖಕ ಶೆನೂಟೆ, ಸೊಹಾಗ್ ಊರಿನ ಬಳಿಯ ಬಿಳಿ ಮಠದ ಯಜಮಾನ. ಐದನೆಯ ಶತಮಾನದವನು. ಅವನ ಅಧೀನದಲ್ಲಿ ಸನ್ಯಾಸಿನಿಯರ ಮಠವೂ ಇತ್ತು. ಅಲ್ಲಿಗೆ ಬರೆದ ಪತ್ರವೊಂದರಲ್ಲಿ ಯಾವ ಯಾವ ಸನ್ಯಾಸಿನಿಗೆ ಎಷ್ಟೆಷ್ಟು ಏಟು ಎಂದು ಹೆಸರು ಹಿಡಿದು ಪಟ್ಟಿ ಕೊಡುತ್ತಾನೆ. ಕದ್ದವಳಿಗೆ, ಸುಳ್ಳು ಹೇಳಿದವಳಿಗೆ, ಗೆಳತಿಯ ಮೇಲೆ ಅತಿಯಾಗಿ ಮೋಹಪಟ್ಟವಳಿಗೆ. ಏಟು ಅಂಗಾಲಿಗೆ. ಆ ಹೆಂಗಸರು ಸುಮ್ಮನಿರಲಿಲ್ಲ, ವಾದಿಸಿದರು, ವಿಷಯಗಳನ್ನು ಮುಚ್ಚಿಟ್ಟರು ಎಂಬುದು ಅವನ ಸಿಟ್ಟಿನಿಂದಲೇ ತಿಳಿಯುತ್ತದೆ. ಅವನ ಬರಹಗಳನ್ನು ಮಠದವರು ನೂರಾರು ವರ್ಷ ನಕಲು ಮಾಡಿ ಕಾಪಾಡಿದರು. ಅವರ ಉತ್ತರಗಳನ್ನು ಯಾರೂ ಕಾಪಾಡಲಿಲ್ಲ. ಅದಕ್ಕೇ ನಾನು ಗ್ರಂಥಾಲಯಕ್ಕಿಂತ ತಿಪ್ಪೆಗೆ ಹೆಚ್ಚು ಋಣಿ. ತಿಪ್ಪೆ ಯಾರನ್ನೂ ಆರಿಸುವುದಿಲ್ಲ.

ನಾಲ್ಕನೆಯ ಶತಮಾನದ ವಲೇರಿಯಾ ಎಂಬವಳು ಉಸಿರಾಟದ ಕಾಯಿಲೆಯಿಂದ ಬಳಲುತ್ತ ಪಾಪ್ನೂಟಿಯೋಸ್ ಎಂಬ ತಪಸ್ವಿಗೆ, ನನಗಾಗಿ ಪ್ರಾರ್ಥಿಸಿ ಎಂದು ಗ್ರೀಕಿನಲ್ಲಿ ಬರೆಸಿದ ಪತ್ರವೂ ಹೀಗೇ ಉಳಿದಿದೆ. ಅದೇ ಕಾಲದ ಇನ್ನೊಂದು ಪತ್ರದಲ್ಲಿ ಪಮೋಂಥಿಯಸ್ ಎಂಬ ದ್ರಾಕ್ಷಾರಸದ ವ್ಯಾಪಾರಿಯ ಕಥೆ: ಅಧಿಕಾರಿಗಳ ಕಾಟಕ್ಕೆ ಸಾಲ ಮಾಡಿದ, ಸಾಲಗಾರರು ಮೈಮೇಲಿನ ಬಟ್ಟೆಯವರೆಗೆ ಎಲ್ಲ ಕಿತ್ತುಕೊಂಡು ಕಡೆಗೆ ಅವನ ಮಕ್ಕಳನ್ನೇ ದಾಸ್ಯಕ್ಕೆ ಎಳೆದೊಯ್ದರು. ಮಕ್ಕಳನ್ನು ಬಿಡಿಸಲು ಹಣ ಸೇರಿಸಿಕೊಡಿ ಎಂದು ಸ್ನೇಹಿತ ಮಠದವರನ್ನು ಕೇಳುತ್ತಾನೆ.

ನೈಲ್ ನದಿಯ ಪಶ್ಚಿಮ ದಡದಲ್ಲಿ, ಮೂರನೆಯ ರಾಮ್ಸೆಸನ ದೇವಾಲಯದ ಪಾಳುಗೋಡೆಗಳ ಒಳಗೂ ಹೊರಗೂ ಬೆಳೆದ ಊರು ಜೇಮೆ. ಏಳು, ಎಂಟನೆಯ ಶತಮಾನದ ಆ ಊರಿನ ಬದುಕು ಮಡಕೆ ಚೂರುಗಳ ಮೇಲೆ ಕಾಪ್ಟಿಕ್ಕಿನಲ್ಲಿದೆ. ಅಲ್ಲಿ ಕೊಲೋಜೆ ಎಂಬ ಹೆಂಗಸು ಒತ್ತೆ ಇಟ್ಟುಕೊಂಡು ಸಣ್ಣಪುಟ್ಟ ಸಾಲ ಕೊಡುತ್ತಿದ್ದಳು. ಅವಳ ಲೆಕ್ಕದ ಚೂರುಗಳು ಅಗೆತದಲ್ಲಿ ಸಿಕ್ಕಿವೆ. ಸಂತರ ಚರಿತ್ರೆಗಳಲ್ಲಿ ಇಂಥವಳಿಗೆ ಜಾಗವಿಲ್ಲ; ಅಲ್ಲಿ ಹೆಂಗಸು ಒಂದೋ ಪಾಪಿ, ಇಲ್ಲವೇ ಹುತಾತ್ಮೆ.

ಜೇಮೆಯ ಹತ್ತಿರ, ಹಾಟ್‌ಶೆಪ್ಸುಟ್ ರಾಣಿಯ ದೇವಾಲಯದ ಅವಶೇಷಗಳಲ್ಲಿ ಕಟ್ಟಿದ ಫೊಯ್ಬಾಮೊನ್ ಸಂತನ ಮಠ. ಎಂಟನೆಯ ಶತಮಾನದ 26 ದಾನಪತ್ರಗಳು ಅಲ್ಲಿಂದ ಬಂದಿವೆ. ಆಗ ದೇಶ ಅರಬರ ಆಳ್ವಿಕೆಯಲ್ಲಿತ್ತು. ದಾನ ಕೊಟ್ಟದ್ದು ಹೊಲವನ್ನಲ್ಲ, ಗಂಡುಮಕ್ಕಳನ್ನು. ಕೊಟ್ಟವರಲ್ಲಿ ತಾಯಂದಿರೂ ಇದ್ದಾರೆ. ಮಗುವಿಗೆ ಕಾಯಿಲೆಯಾಯಿತು, ಬದುಕಿದರೆ ಮಠಕ್ಕೆ ಒಪ್ಪಿಸುತ್ತೇನೆ ಎಂದು ಹರಕೆ ಹೊತ್ತೆ ಎಂದು ಪತ್ರ ಶುರುವಾಗುತ್ತದೆ. ಬದುಕಿದ ಮೇಲೆ ಕೊಡಲು ಮನಸ್ಸು ಬರಲಿಲ್ಲ, ಕಾಯಿಲೆ ಮರುಕಳಿಸಿತು ಎಂದೂ ಕೆಲವರು ಬರೆಸುತ್ತಾರೆ. ಮಗ ಜೀವನಪೂರ್ತಿ ಅಲ್ಲಿ ಕಸ ಗುಡಿಸಬೇಕು, ನೀರು ಚಿಮುಕಿಸಬೇಕು, ದೀಪ ನೋಡಿಕೊಳ್ಳಬೇಕು. ತೆರಿಗೆಯ ಭಾರ, ಬಡತನ ಇದರ ಹಿಂದೆ ಇದ್ದಿರಬಹುದು ಎಂದು ನನ್ನ ಅನುಮಾನ. ಪತ್ರಗಳು ಮಾತ್ರ ಹರಕೆಯ ಮಾತನ್ನೇ ಆಡುತ್ತವೆ. ಎಲ್ಲ ಪತ್ರಗಳ ಧಾಟಿಯೂ ಹೆಚ್ಚುಕಡಿಮೆ ಒಂದೇ, ಬರೆಯುವ ಲಿಪಿಕಾರರ ರೂಢಿ ಅದು. ಆದರೆ ಮನಸ್ಸು ಬರಲಿಲ್ಲ ಎಂಬ ಆ ಒಂದು ಮಾತನ್ನು ಲಿಪಿಕಾರನ ರೂಢಿಯೆಂದು ತಳ್ಳಿಹಾಕಲು ನನಗಿನ್ನೂ ಆಗಿಲ್ಲ.