ಊಟಿ ಕ್ಲಬ್ಬಿನ ಮೇಜು
ಚಂದಾ ಕಟ್ಟುವಷ್ಟು ದಿನ ಆಟ, ನಿಲ್ಲಿಸಿದರೆ ಬಾಗಿಲು ಬಂದ್: ವಿಡಿಯೊ ಗೇಮ್‌ಗಳ ಚಂದಾ ಸೇವೆ ಎಕ್ಸ್‌ಬಾಕ್ಸ್ ಗೇಮ್ ಪಾಸ್ 2017ರಲ್ಲಿ ತಂದ ಈ ಕರಾರು ಉದಕಮಂಡಲಕ್ಕೆ ಹೊಸದಲ್ಲ. 1875ರಲ್ಲಿ ಜಬಲ್ಪುರದಲ್ಲಿ ಸೇನಾಧಿಕಾರಿ ನೆವಿಲ್ ಚೇಂಬರ್ಲೇನ್ ಹುಟ್ಟುಹಾಕಿದ ಸ್ನೂಕರ್‌ನ ನಿಯಮಗಳು ಊಟಿ ಕ್ಲಬ್ಬಿನ ಬಿಲಿಯರ್ಡ್ಸ್ ಕೋಣೆಯ ಗೋಡೆಗೇರಿದ್ದು 1882ರಲ್ಲಿ. ಹಸಿರು ಬಟ್ಟೆ ಹೊದಿಸಿದ ಆ ಭಾರಿ ಮೇಜು ಕ್ಲಬ್ಬಿನದು. ಸದಸ್ಯನಿಗಿದ್ದುದು ಆಡುವ ಹಕ್ಕು ಮಾತ್ರ, ಅದೂ ಸದಸ್ಯತ್ವ ಇರುವವರೆಗೆ. ಗೇಮ್ ಪಾಸ್ ದುಡ್ಡಿದ್ದ ಯಾರಿಗಾದರೂ ಸಿಗುತ್ತದಲ್ಲ ಎಂಬ ಆಕ್ಷೇಪ ನ್ಯಾಯವೇ. ಬಿಳಿಯರ ಆ ಕೋಣೆ ಸುತ್ತಲ ಹಟ್ಟಿಗಳ ಬಡಗ ಸಮುದಾಯದವರಿಗಾಗಿ ಇದ್ದದ್ದಲ್ಲ. ಆದರೂ ಒಂದು ಲೆಕ್ಕದಲ್ಲಿ ಕ್ಲಬ್ಬೇ ವಾಸಿ. ಗೇಮ್ ಪಾಸ್‌ನಲ್ಲಿ ಪ್ರಕಾಶಕರೊಡನೆ ಒಪ್ಪಂದ ಮುಗಿದರೆ, ಚಂದಾ ಕಟ್ಟುತ್ತಿದ್ದವರಿಗೂ ಆಟ ಪಟ್ಟಿಯಿಂದ ಜಾರುತ್ತದೆ. ಸ್ನೂಕರ್ ನಿಯಮಗಳಿಗೆ ಅಂಥ ಬೀಗವಿರಲಿಲ್ಲ. ಗೋಡೆಯಿಂದಿಳಿದು ಊರೂರು ಸುತ್ತಿದವು. 2003ರಲ್ಲಿ ವಿಶ್ವ ಅಮೆಚೂರ್ ಸ್ನೂಕರ್ ಪಟ್ಟ ಗೆಲ್ಲಲು ಬೆಂಗಳೂರಿನ ಪಂಕಜ್ ಅಡ್ವಾಣಿಗೆ ಊಟಿ ಕ್ಲಬ್ಬಿನ ಸದಸ್ಯತ್ವವೇನೂ ಬೇಕಾಗಲಿಲ್ಲ.