ಲ್ಯೂಟನ್, ವ್ಯಾಲ್ (1904–1951)

ಹಾಲಿವುಡ್ಡಿನ ಚಲನಚಿತ್ರ ನಿರ್ಮಾಪಕ, ಕಾದಂಬರಿಕಾರ, ಚಿತ್ರಕಥಾ ಲೇಖಕ. ಆರ್‌ಕೆಓ ಸ್ಟುಡಿಯೊದಲ್ಲಿ 1942ರಿಂದ 1946ರವರೆಗೆ ಅಲ್ಪ ವೆಚ್ಚದಲ್ಲಿ ತಯಾರಿಸಿದ ಭಯಾನಕ ಚಿತ್ರಗಳಿಂದ ಪ್ರಸಿದ್ಧ. ಕನ್ನಡ ಚಿತ್ರರಂಗದಲ್ಲಿ ಬಂಡವಾಳ ಹೂಡುವವನನ್ನೇ ನಿರ್ಮಾಪಕನೆನ್ನುವುದು ವಾಡಿಕೆ. ಆ ಕಾಲದ ಹಾಲಿವುಡ್ಡಿನಲ್ಲಿ ಹಣ ಸ್ಟುಡಿಯೊದ್ದು. ನಿರ್ಮಾಪಕ ವಾರದ ಸಂಬಳಕ್ಕೆ ದುಡಿಯುವ ನೌಕರ. ಕಥೆ ಆರಿಸುವುದು, ಬರೆಹಗಾರರನ್ನೂ ನಿರ್ದೇಶಕನನ್ನೂ ಗೊತ್ತುಮಾಡುವುದು, ಗೊತ್ತಾದ ಖರ್ಚಿನಲ್ಲಿ ಗೊತ್ತಾದ ದಿನಕ್ಕೆ ಚಿತ್ರ ಮುಗಿಸಿಕೊಡುವುದು ಅವನ ಹೊಣೆ. ಲ್ಯೂಟನ್ ಈ ಹೊಣೆಯನ್ನು ದಾಟಿ ಚಿತ್ರದ ನಿಜವಾದ ಕರ್ತೃವೇ ಆಗಿದ್ದನೇ ಎಂಬ ಚರ್ಚೆ ಇನ್ನೂ ಮುಗಿದಿಲ್ಲ. ಬರೆದದ್ದಕ್ಕೆ ತನ್ನ ಹೆಸರು ಹಾಕಿಕೊಳ್ಳದ ಅವನ ರೂಢಿಯೇ ಈ ತೊಡಕಿಗೆ ಮುಖ್ಯ ಕಾರಣ.

ಲ್ಯೂಟನ್ 1904ರ ಮೇ 7ರಂದು ಕ್ರಿಮಿಯದ ಯಾಲ್ಟಾದಲ್ಲಿ ಯಹೂದಿ ಕುಟುಂಬವೊಂದರಲ್ಲಿ ಹುಟ್ಟಿದ. ಅವನ ಹುಟ್ಟುಹೆಸರನ್ನು ಹಲವು ಗ್ರಂಥಗಳು ವ್ಲಾದಿಮಿರ್ ಇವಾನ್ ಲೆವೆಂಟನ್ ಎಂದು ಕೊಡುತ್ತವೆ. ಆದರೆ ತಂದೆ ಮ್ಯಾಕ್ಸ್ ಹಾಫ್‌ಶ್ನೈಡರ್. ಲೆವೆಂಟನ್ ಎಂಬುದು ತಾಯಿ ನೀನಾಳ ತವರಿನ ಹೆಸರು. ಗಂಡನನ್ನು ತೊರೆದ ನೀನಾ ಮಕ್ಕಳೊಂದಿಗೆ ಬರ್ಲಿನ್ನಿಗೆ ಹೋಗಿ, ಅಲ್ಲಿಂದ 1909ರಲ್ಲಿ ಅಮೆರಿಕಕ್ಕೆ ಬಂದ ಮೇಲೆ ಆ ತವರುಹೆಸರೇ ಲ್ಯೂಟನ್ ಎಂದು ಬದಲಾಯಿತು. ನೀನಾಳ ತಂಗಿ ಅಲ್ಲಾ ನಾಜಿಮೋವಾ ಆಗಲೇ ನ್ಯೂಯಾರ್ಕಿನ ರಂಗಭೂಮಿಯ ಹೆಸರಾಂತ ನಟಿ. ಚಿಕ್ಕಮ್ಮನ ಆಶ್ರಯದಲ್ಲಿ ಬೆಳೆದ ಹುಡುಗ ಮುಂದೆ ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ಪತ್ರಿಕೋದ್ಯಮ ಓದಿದ. ಎಂಜಿಎಂ ಸಂಸ್ಥೆಯ ನ್ಯೂಯಾರ್ಕ್ ಕಚೇರಿಯಲ್ಲಿ ಪ್ರಚಾರದ ಕೆಲಸ ಮಾಡುತ್ತಲೇ ತನ್ನ ಹೆಸರಿನಲ್ಲೂ ಕಾರ್ಲೋಸ್ ಕೀತ್ ಮುಂತಾದ ಹುಸಿಹೆಸರುಗಳಲ್ಲೂ ಕಾದಂಬರಿಗಳನ್ನು ಬರೆದ. 1932ರಲ್ಲಿ ಬಂದ ನೋ ಬೆಡ್ ಆಫ್ ಹರ್ ಓನ್ ಅವುಗಳಲ್ಲಿ ಹೆಚ್ಚು ಮಾರಾಟವಾದದ್ದು.

1930ರ ದಶಕದಲ್ಲಿ ನಿರ್ಮಾಪಕ ಡೇವಿಡ್ ಸೆಲ್ಜ್‌ನಿಕ್‌ನ ಬಳಿ ಕಥಾ ಸಂಪಾದಕನಾಗಿ ಕೆಲಸಕ್ಕೆ ಸೇರಿದ. ಎ ಟೇಲ್ ಆಫ್ ಟೂ ಸಿಟೀಸ್ (1935) ಚಿತ್ರದಲ್ಲಿ ಫ್ರೆಂಚ್ ಕ್ರಾಂತಿಯ ದೃಶ್ಯಗಳನ್ನು ಅಣಿಗೊಳಿಸಿದವರೆಂದು ಲ್ಯೂಟನ್ ಮತ್ತು ಜಾಕ್ ಟೂರ್ನರ್ ಇಬ್ಬರ ಹೆಸರೂ ಪರದೆಯ ಮೇಲೆ ಬರುತ್ತದೆ. ಮುಂದಿನ ಗೆಳೆತನಕ್ಕೆ ಬುನಾದಿ ಬಿದ್ದದ್ದು ಇಲ್ಲಿಯೇ. ಗಾನ್ ವಿತ್ ದ ವಿಂಡ್ (1939) ಚಿತ್ರದಲ್ಲಿ ಅವನ ಪಾಲು ಎಷ್ಟೆಂಬುದು ಇಷ್ಟು ಸ್ಪಷ್ಟವಿಲ್ಲ. ಅಟ್ಲಾಂಟಾದ ರೈಲುನಿಲ್ದಾಣದಲ್ಲಿ ಸಾಲುಸಾಲಾಗಿ ಮಲಗಿರುವ ಗಾಯಾಳು ಸೈನಿಕರನ್ನು ಕ್ಯಾಮೆರಾ ಮೇಲೇರುತ್ತ ತೋರಿಸುವ ದೃಶ್ಯ ಅವನ ಕಲ್ಪನೆ ಎಂಬ ಮಾತು ಪದೇ ಪದೇ ಉದ್ಧೃತವಾಗಿದೆ. ಆ ಚಿತ್ರಕಥೆಯನ್ನು ತಿದ್ದಿದ ಕೈಗಳು ಅನೇಕ. ಪರದೆಯ ಮೇಲಿರುವುದು ಸಿಡ್ನಿ ಹೋವರ್ಡ್ ಒಬ್ಬನ ಹೆಸರು. ಹಾಗಾಗಿ ಈ ಮಾತನ್ನು ಸಹೋದ್ಯೋಗಿಗಳ ನೆನಪೆಂದು ಎಣಿಸುವುದೇ ಸರಿ.

1942ರಲ್ಲಿ ಆರ್‌ಕೆಓ ಸಂಕಟದಲ್ಲಿತ್ತು. ಆರ್ಸನ್ ವೆಲ್ಸ್‌ನ ಚಿತ್ರಗಳು ನಷ್ಟ ತಂದಿದ್ದವು. ಹೊಸದಾಗಿ ಬಂದ ನಿರ್ಮಾಣ ಮುಖ್ಯಸ್ಥ ಚಾರ್ಲ್ಸ್ ಕರ್ನರ್‌ಗೆ ಬೇಗ ಮುಗಿಯುವ, ಬೇಗ ದುಡ್ಡು ತರುವ ಚಿತ್ರಗಳು ಬೇಕಾಗಿದ್ದವು. ಯೂನಿವರ್ಸಲ್ ಸ್ಟುಡಿಯೊ ರಾಕ್ಷಸ, ರಕ್ತಪಿಪಾಸುಗಳ ಚಿತ್ರಗಳಿಂದ ಗಳಿಸುತ್ತಿದ್ದ ಲಾಭ ಅವನ ಕಣ್ಣಮುಂದಿತ್ತು. ಅಂಥವೇ ಚಿತ್ರಗಳಿಗೆಂದು ಲ್ಯೂಟನ್‌ನನ್ನು ವಾರಕ್ಕೆ 250 ಡಾಲರ್ ಸಂಬಳದ ಮೇಲೆ ನೇಮಿಸಲಾಯಿತು. ಷರತ್ತುಗಳು ಮೂರು: ಒಂದು ಚಿತ್ರಕ್ಕೆ 1,50,000 ಡಾಲರ್ ಮೀರಬಾರದು, ಅವಧಿ 75 ನಿಮಿಷ ದಾಟಬಾರದು, ಶೀರ್ಷಿಕೆಯನ್ನು ಸ್ಟುಡಿಯೊವೇ ಕೊಡುತ್ತದೆ. ಶೀರ್ಷಿಕೆಗೆ ಬದ್ಧನಾಗಿದ್ದ ಲ್ಯೂಟನ್ ಕಥೆಯಲ್ಲಿ ಮಾತ್ರ ಪೂರ್ಣ ಸ್ವಾತಂತ್ರ್ಯ ತೆಗೆದುಕೊಂಡ. ಐ ವಾಕ್ಡ್ ವಿತ್ ಎ ಜಾಂಬಿ (1943) ಎಂಬ ಅಗ್ಗದ ಹೆಸರಿನಡಿ ಅವನು ಹೇಳಿಸಿದ್ದು ವೆಸ್ಟ್ ಇಂಡೀಸಿನ ಕಬ್ಬಿನ ತೋಟಕ್ಕೆ ಬಂದ ಜೇನ್ ಐರ್‌ಳ ಕಥೆಯನ್ನು.

ಮೊದಲ ಚಿತ್ರ ಕ್ಯಾಟ್ ಪೀಪಲ್ 1942ರ ಕೊನೆಯಲ್ಲಿ ಬಿಡುಗಡೆಯಾಯಿತು. ಆಸೆ ಕೆರಳಿದರೆ ತಾನು ಚಿರತೆಯಾಗಿಬಿಡುತ್ತೇನೆಂದು ನಂಬಿದ, ನ್ಯೂಯಾರ್ಕಿನಲ್ಲಿ ನೆಲೆಸಿದ ಸರ್ಬಿಯಾದ ಹೆಣ್ಣಿನ ಕಥೆ ಇದು. ಸಿಮೋನ್ ಸಿಮೋನ್ ನಾಯಕಿ. ಟೂರ್ನರ್ ನಿರ್ದೇಶನ, ಡಿವಿಟ್ ಬೋಡೀನ್ ಚಿತ್ರಕಥೆ, ನಿಕೊಲಸ್ ಮ್ಯೂಸುರಾಕಾ ಛಾಯಾಗ್ರಹಣ, ಮಾರ್ಕ್ ರಾಬ್ಸನ್ ಸಂಕಲನ. ಕಥೆಯ ಮೂಲವನ್ನು ಕುರಿತು ಹೇಳಿಕೆಗಳು ಹೊಂದುವುದಿಲ್ಲ. ಹೆಸರನ್ನು ಸೂಚಿಸಿದವನು ಕರ್ನರ್. ಆಲ್ಜರ್ನನ್ ಬ್ಲ್ಯಾಕ್‌ವುಡ್‌ನ ಒಂದು ಕಥೆಯನ್ನು ರೂಪಾಂತರಿಸುವ ಯೋಚನೆ ಮೊದಲಿಗಿತ್ತು. ಆದರೆ 1930ರ ಜುಲೈ ತಿಂಗಳ ವಿಯರ್ಡ್ ಟೇಲ್ಸ್ ಪತ್ರಿಕೆಯಲ್ಲಿ ಲ್ಯೂಟನ್ ಬರೆದ ದ ಬಾಗೀತಾ ಎಂಬ ಸಣ್ಣಕಥೆಯಲ್ಲಿ, ಹೆಣ್ಣಾಗಬಲ್ಲದೆಂದು ಜನ ನಂಬಿದ್ದ ಕರಿಚಿರತೆಯನ್ನು ಒಬ್ಬ ತರುಣ ಬೇಟೆಯಾಡಲು ಹೋಗುತ್ತಾನೆ. ನಂಬಿಕೆ ನಿಜವೋ ಭ್ರಮೆಯೋ ಎಂಬ ಅದೇ ಹೊಯ್ದಾಟ ಹನ್ನೆರಡು ವರ್ಷ ಮೊದಲೇ ಅಲ್ಲಿದೆ. ಈ ಕಥೆಯನ್ನು ಲೆಕ್ಕಕ್ಕೆ ಹಿಡಿಯದ ವಿವರಣೆಗಳು ಅಪೂರ್ಣ.

ಇನ್ನೊಂದು ತಪ್ಪುಗ್ರಹಿಕೆಗೆ ಸಿನಿಮಾವೇ ಕಾರಣ. ವಿನ್ಸೆಂಟ್ ಮಿನೆಲ್ಲಿ ನಿರ್ದೇಶಿಸಿದ ದ ಬ್ಯಾಡ್ ಅಂಡ್ ದ ಬ್ಯೂಟಿಫುಲ್ (1952) ಚಿತ್ರದಲ್ಲಿ ಕರ್ಕ್ ಡಗ್ಲಸ್ ಅಭಿನಯಿಸಿದ ನಿರ್ಮಾಪಕ, ಬೆಕ್ಕುಮನುಷ್ಯರ ಕಳಪೆ ವೇಷಗಳನ್ನು ಕಂಡು ದೀಪ ಆರಿಸಿ, ಕತ್ತಲೆಯಲ್ಲೇ ಭಯ ಹುಟ್ಟಿಸುವ ಉಪಾಯ ಹುಡುಕುತ್ತಾನೆ. ಇದು ಲ್ಯೂಟನ್‌ನ ಜೀವನದಲ್ಲೇ ನಡೆದದ್ದೆಂದು ಆಮೇಲೆ ಪ್ರಚಾರವಾಯಿತು. ಕ್ಯಾಟ್ ಪೀಪಲ್‌ನಲ್ಲಿ ಅಂಥ ವೇಷಗಳೇ ಇರಲಿಲ್ಲ. ಪ್ರಾಣಿಯನ್ನು ತೋರಿಸಬಾರದೆಂಬುದು ಮೊದಲಿನಿಂದಲೂ ಇದ್ದ ಯೋಜನೆ. ಚಿರತೆ ಕಣ್ಣಿಗೆ ಬೀಳಲೇಬೇಕೆಂದು ಪಟ್ಟುಹಿಡಿದದ್ದು ಸ್ಟುಡಿಯೊ. ಚಿತ್ರೀಕರಣದ ಮೊದಲ ದಿನಗಳಲ್ಲೇ ಟೂರ್ನರ್‌ನನ್ನು ತೆಗೆದುಹಾಕುವ ಪ್ರಯತ್ನವೂ ನಡೆಯಿತು. ಲ್ಯೂಟನ್ ಕರ್ನರ್‌ನವರೆಗೆ ದೂರು ಒಯ್ದು ನಿರ್ದೇಶಕನನ್ನು ಉಳಿಸಿಕೊಂಡ. ಒತ್ತಾಯಕ್ಕೆ ಮಣಿದು ಸೇರಿಸಿದ ನಿಜವಾದ ಕರಿಚಿರತೆ ನಕ್ಷೆಗಾರರ ಕಚೇರಿಯ ದೃಶ್ಯದಲ್ಲಿ ನೆರಳಿನ ಮರೆಯಲ್ಲಿ ಸುಳಿದುಹೋಗುತ್ತದೆ.

ಹೆಂಗಸೊಬ್ಬಳು ರಾತ್ರಿ ಉದ್ಯಾನದ ಗೋಡೆಯ ಪಕ್ಕ ಒಂಟಿಯಾಗಿ ನಡೆಯುವ ದೃಶ್ಯ ಚಲನಚಿತ್ರದ ಇತಿಹಾಸದಲ್ಲೇ ಮುಖ್ಯವಾದದ್ದು. ಹಿನ್ನೆಲೆ ಸಂಗೀತವಿಲ್ಲ. ಹಿಂದೆ ಬರುತ್ತಿದ್ದ ಹೆಜ್ಜೆಸಪ್ಪಳ ನಿಲ್ಲುತ್ತದೆ. ಮೃಗವೊಂದು ಬುಸುಗುಟ್ಟಿದಂತಾಗಿ ನೋಡುಗ ಬೆಚ್ಚಿಬೀಳುವ ಹೊತ್ತಿಗೆ ಪರದೆಯೊಳಕ್ಕೆ ನುಗ್ಗುವುದು ಒಂದು ಬಸ್ಸು. ಕೇಳಿಸಿದ್ದು ಅದರ ಏರ್‌ಬ್ರೇಕಿನ ಸದ್ದು. ಈ ತಂತ್ರಕ್ಕೆ ಚಿತ್ರೋದ್ಯಮದಲ್ಲಿ ‘ಲ್ಯೂಟನ್ ಬಸ್’ ಎಂದೇ ಹೆಸರು. ಇದನ್ನು ಕತ್ತರಿಸುವ ಮೇಜಿನ ಮೇಲೆ ರೂಪಿಸಿದವನು ತಾನೆಂದು ರಾಬ್ಸನ್ ಹೇಳಿಕೊಂಡಿದ್ದಾನೆ. ಇದೇ ಚಿತ್ರದ ಈಜುಕೊಳದ ದೃಶ್ಯ ಟೂರ್ನರ್‌ನ ಸ್ವಂತ ಅನುಭವದಿಂದ ಬಂದದ್ದೆಂಬುದು ಅವನದೇ ಮಾತು. ಒಂದೊಂದು ದೃಶ್ಯಕ್ಕೂ ಇಂಥ ಹಕ್ಕುದಾರರು ಇರುವುದು ಈ ತಂಡ ಎಷ್ಟು ಒಗ್ಗೂಡಿ ದುಡಿಯುತ್ತಿತ್ತೆಂಬುದಕ್ಕೆ ಸಾಕ್ಷಿ.

ಗಳಿಕೆಯ ಅಂಕಿಯಲ್ಲೂ ಹೀಗೆಯೇ ಅಂತರವಿದೆ. ಕ್ಯಾಟ್ ಪೀಪಲ್ 40 ಲಕ್ಷ ಡಾಲರ್ ಗಳಿಸಿತೆಂದು ಎಷ್ಟೋ ಪುಸ್ತಕಗಳು ಬರೆಯುತ್ತವೆ. ಆರ್‌ಕೆಓದ ಲೆಕ್ಕಪತ್ರಗಳ ಆಧಾರದಲ್ಲಿ ಚರಿತ್ರಕಾರರು ಕೊಡುವ ಮೊತ್ತ 5 ಲಕ್ಷ ಡಾಲರಿನ ಆಸುಪಾಸಿನದು. ಚಿತ್ರಮಂದಿರದ ಟಿಕೆಟ್ ವಸೂಲಿ ಬೇರೆ, ಅದರಲ್ಲಿ ಸ್ಟುಡಿಯೊ ಕೈಸೇರುವ ಪಾಲು ಬೇರೆ. ಆದರೂ ಅಂತರ ಇಷ್ಟು ದೊಡ್ಡದಿರುವಾಗ ಲೆಕ್ಕಪತ್ರದ ಮೊತ್ತವೇ ಹೆಚ್ಚು ನಂಬಲರ್ಹ. ಆ ಬಜೆಟ್ಟಿಗೆ ಅದೂ ಭಾರಿ ಲಾಭವೇ.

ದ ಲೆಪರ್ಡ್ ಮ್ಯಾನ್ (1943) ಮುಗಿದ ಮೇಲೆ ಟೂರ್ನರ್‌ನನ್ನು ಸ್ಟುಡಿಯೊ ದೊಡ್ಡ ಚಿತ್ರಗಳಿಗೆ ಬಡ್ತಿ ಕೊಟ್ಟು ಕರೆದುಕೊಂಡಿತು. ಲ್ಯೂಟನ್ ಸಂಕಲನಕಾರ ರಾಬ್ಸನ್‌ಗೆ ದ ಸೆವೆಂತ್ ವಿಕ್ಟಿಮ್ (1943) ಚಿತ್ರದ ನಿರ್ದೇಶನ ಒಪ್ಪಿಸಿದ. ದ ಕರ್ಸ್ ಆಫ್ ದ ಕ್ಯಾಟ್ ಪೀಪಲ್ (1944) ಚಿತ್ರೀಕರಣ ನಿಧಾನವಾದಾಗ ಸಂಕಲನಕಾರ ರಾಬರ್ಟ್ ವೈಸ್‌ನನ್ನು ನಿರ್ದೇಶಕನ ಸ್ಥಾನಕ್ಕೆ ತಂದ. ಮುಂದೆ ದ ಸೌಂಡ್ ಆಫ್ ಮ್ಯೂಸಿಕ್ ಮಾಡಿದ ವೈಸ್ ಇವನೇ. ಕರ್ತೃತ್ವದ ಚರ್ಚೆಯಲ್ಲಿ ಈ ಘಟ್ಟ ನಿರ್ಣಾಯಕ. ನಿರ್ದೇಶಕರು ಬದಲಾದರೂ, ಅದರಲ್ಲೂ ಹೊಸಬರಾದರೂ, ಚಿತ್ರಗಳ ಮಂದ ಬೆಳಕು, ತಗ್ಗಿದ ದನಿಯ ಮಾತು, ಸಾವಿನ ಧ್ಯಾನ ಬದಲಾಗಲಿಲ್ಲ. ಪ್ರತಿ ಚಿತ್ರಕಥೆಯ ಕೊನೆಯ ಕರಡನ್ನು ಲ್ಯೂಟನ್ ತಾನೇ ಬರೆಯುತ್ತಿದ್ದನೆಂದು ಜೊತೆಗಾರರು ಹೇಳಿದ್ದಾರೆ. ಎದುರು ಪಕ್ಷದವರು ಟೂರ್ನರ್‌ನ ಔಟ್ ಆಫ್ ದ ಪಾಸ್ಟ್ (1947) ಚಿತ್ರವನ್ನು ತೋರಿಸಿ, ಆ ನೆರಳಿನ ಶೈಲಿ ಲ್ಯೂಟನ್ ಇಲ್ಲದೆಯೂ ಉಳಿಯಿತೆನ್ನುತ್ತಾರೆ. ಬೆಳಕಿನ ಮಟ್ಟಿಗೆ ಈ ವಾದಕ್ಕೆ ಬಲವಿದೆ. ಕಥೆಯ ಆಯ್ಕೆ ಮತ್ತು ಮನೋಧರ್ಮದಲ್ಲಿ ನಿರ್ಮಾಪಕನ ಕೈ ಸ್ಪಷ್ಟ. ದ ಬಾಡಿ ಸ್ನ್ಯಾಚರ್ (1945) ಮತ್ತು ಬೆಡ್ಲಾಮ್ (1946) ಎರಡರಲ್ಲೂ ಸಹಲೇಖಕನೆಂದು ಕಾಣುವ ಕಾರ್ಲೋಸ್ ಕೀತ್ ಲ್ಯೂಟನ್ನೇ.

ದ ಘೋಸ್ಟ್ ಶಿಪ್ ಚಿತ್ರದ ಪಾಡು ಬೇರೆ. 1943ರ ಡಿಸೆಂಬರಿನಲ್ಲಿ ತೆರೆಕಂಡ ಈ ಚಿತ್ರ ತಮ್ಮ ಕೃತಿಯ ಕಳವೆಂದು ಇಬ್ಬರು ಲೇಖಕರು ಮರುವರ್ಷ ದಾವೆ ಹೂಡಿದರು. ರಾಜಿಗೆ ಲ್ಯೂಟನ್ ಒಪ್ಪಲಿಲ್ಲ. ಮೊಕದ್ದಮೆಯಲ್ಲಿ ಸ್ಟುಡಿಯೊ ಸೋತಿತು. ಪ್ರದರ್ಶನದಿಂದ ಹಿಂತೆಗೆದುಕೊಂಡ ಚಿತ್ರ ಸುಮಾರು ಐವತ್ತು ವರ್ಷ ಸಾರ್ವಜನಿಕರಿಗೆ ದೊರೆಯದೆ, 1990ರ ದಶಕದಲ್ಲಿ ಮತ್ತೆ ನೋಡಸಿಕ್ಕಿತು. ಅಧಿಕಾರದ ಹುಚ್ಚು ಹಿಡಿದ ಹಡಗಿನ ನಾಯಕನ ಈ ಕಥೆಯನ್ನು ಹಳೆಯ ಗ್ರಂಥಗಳು ಒಂದೆರಡು ಸಾಲಿನಲ್ಲಿ ಮುಗಿಸುವುದಕ್ಕೆ ಈ ಅಲಭ್ಯತೆಯೇ ಕಾರಣ. ಅವುಗಳ ಅಭಿಪ್ರಾಯವನ್ನು ಹಾಗೆಯೇ ಎತ್ತಿಕೊಳ್ಳುವುದು ಈಗ ಸಲ್ಲದು.

ಬೋರಿಸ್ ಕಾರ್ಲಾಫ್‌ನೊಂದಿಗೆ ಮಾಡಿದ ಮೂರು ಚಿತ್ರಗಳಲ್ಲಿ ಬೆಡ್ಲಾಮ್ ಕೊನೆಯದು. 1946ರಲ್ಲಿ ಕರ್ನರ್ ತೀರಿಕೊಂಡ ಮೇಲೆ ಆರ್‌ಕೆಓದಲ್ಲಿ ಲ್ಯೂಟನ್‌ನ ಬೆನ್ನಿಗಿದ್ದವರು ಯಾರೂ ಉಳಿಯಲಿಲ್ಲ. ಪ್ಯಾರಮೌಂಟ್, ಎಂಜಿಎಂ, ಯೂನಿವರ್ಸಲ್‌ಗಳಲ್ಲಿ ಒಂದೊಂದು ಚಿತ್ರ ಮಾಡಿದ. ಅವುಗಳಲ್ಲಿ ಹಳೆಯ ಕಸುವು ಕಾಣುವುದು ಅಪಾಚೆ ಡ್ರಮ್ಸ್ (1951) ಎಂಬ ವೆಸ್ಟರ್ನ್ ಚಿತ್ರದಲ್ಲಿ ಮಾತ್ರ. ರಾಬ್ಸನ್, ವೈಸ್ ಜೊತೆಗೂಡಿ ಸ್ವಂತ ಸಂಸ್ಥೆ ಕಟ್ಟುವ ಮಾತುಕತೆ ನಡೆಯಿತಾದರೂ ಕೊನೆಗೆ ಅವರಿಬ್ಬರೂ ಅವನನ್ನು ಕೈಬಿಟ್ಟರು. ನಿರ್ಮಾಪಕ ಸ್ಟಾನ್ಲಿ ಕ್ರೇಮರ್ ಕೊಲಂಬಿಯಾ ಪಿಕ್ಚರ್ಸ್‌ಗೆ ಕರೆದ ಹೊಸತರಲ್ಲೇ, 1951ರ ಮಾರ್ಚ್ 14ರಂದು, ಹೃದಯಾಘಾತದಿಂದ ಲಾಸ್ ಏಂಜಲೀಸಿನಲ್ಲಿ ನಿಧನನಾದ. ಆಗ ಅವನ ವಯಸ್ಸು 46.

ಬದುಕಿದ್ದಾಗಲೇ ಅವನ ಚಿತ್ರಗಳನ್ನು ಗುರುತಿಸಿ ಬರೆದವರಲ್ಲಿ ವಿಮರ್ಶಕ ಜೇಮ್ಸ್ ಏಜಿ ಮುಖ್ಯ. ಜೋಯಲ್ ಸೀಗೆಲ್ 1970ರ ದಶಕದ ಆರಂಭದಲ್ಲಿ ಪ್ರಕಟಿಸಿದ ಜೀವನಚರಿತ್ರೆ, ಸಹೋದ್ಯೋಗಿಗಳು ಜೀವಿಸಿದ್ದಾಗಲೇ ಅವರ ಮಾತನ್ನು ದಾಖಲಿಸಿದ್ದರಿಂದ ಇಂದಿಗೂ ಆಕರಗ್ರಂಥ. ಕ್ಯಾಟ್ ಪೀಪಲ್ 1993ರಲ್ಲಿ ಅಮೆರಿಕದ ರಾಷ್ಟ್ರೀಯ ಚಲನಚಿತ್ರ ದಾಖಲೆಗೆ ಸೇರಿತು. 2007ರಲ್ಲಿ ಕೆಂಟ್ ಜೋನ್ಸ್ ನಿರ್ದೇಶಿಸಿದ ಸಾಕ್ಷ್ಯಚಿತ್ರವನ್ನು ನಿರ್ಮಿಸಿ ನಿರೂಪಿಸಿದವನು ಮಾರ್ಟಿನ್ ಸ್ಕಾರ್ಸೇಸಿ. ಆರ್‌ಕೆಓದಲ್ಲಿ ಲ್ಯೂಟನ್ ಮಾಡಿದ ಚಿತ್ರಗಳನ್ನು ಕೆಲವರು ಒಂಬತ್ತೆಂದೂ ಕೆಲವರು ಹನ್ನೊಂದೆಂದೂ ಎಣಿಸುವುದುಂಟು. ಒಂಬತ್ತು ಭಯಾನಕ ಚಿತ್ರಗಳ ಎಣಿಕೆ; 1944ರ ಮದಮ್ವಾಜೆಲ್ ಫಿಫಿ ಮತ್ತು ಯೂತ್ ರನ್ಸ್ ವೈಲ್ಡ್ ಸೇರಿದರೆ ಹನ್ನೊಂದು. ಈ ಕೊನೆಯದನ್ನು ಸ್ಟುಡಿಯೊ ಕತ್ತರಿಸಿ ಬದಲಿಸಿದ ಬಗೆಗೆ ನೊಂದು, ತನ್ನ ಹೆಸರನ್ನು ತೆಗೆಯುವಂತೆ ಲ್ಯೂಟನ್ ಕೇಳಿದ್ದ.