ವಿಜಯ್ ಮರ್ಚಂಟ್: ಗಿರಣಿ ಮನೆತನದ ಆರಂಭಿಕ ಆಟಗಾರ

ವಿಜಯ್ ಮರ್ಚಂಟ್ ಹುಟ್ಟಿದ್ದು 1911ರ ಅಕ್ಟೋಬರ್ 12ರಂದು, ಮುಂಬಯಿಯ ಥ್ಯಾಕರ್ಸಿ ಮನೆತನದಲ್ಲಿ. ಬಟ್ಟೆ ಗಿರಣಿಗಳಿಂದ ಸಿರಿವಂತವಾದ ಭಾಟಿಯಾ ಕುಟುಂಬ ಅದು. ಮಹರ್ಷಿ ಕರ್ವೆಯವರ ಮಹಿಳಾ ವಿಶ್ವವಿದ್ಯಾಲಯಕ್ಕೆ 15 ಲಕ್ಷ ರೂಪಾಯಿ ಕೊಟ್ಟ ವಿಠ್ಠಲದಾಸ ಥ್ಯಾಕರ್ಸಿ ಇದೇ ಮನೆತನದವರು. ವಿಜಯ್ ಹೆಸರಿಗೆ ‘ಮರ್ಚಂಟ್’ ಅಂಟಿಕೊಂಡ ಕಥೆ ಪ್ರಸಿದ್ಧ. ಶಾಲೆಯ ಮುಖ್ಯಸ್ಥರು ಹೆಸರನ್ನೂ ತಂದೆಯ ಕಸುಬನ್ನೂ ಕೇಳಿದರಂತೆ. ಹುಡುಗ ಹೇಳಿದ ಎರಡೂ ಉತ್ತರ ಸೇರಿ ಒಂದೇ ಹೆಸರಾಯಿತಂತೆ.

ಓದಿದ್ದು ಸಿಡೆನ್‌ಹ್ಯಾಮ್ ವಾಣಿಜ್ಯ ಕಾಲೇಜಿನಲ್ಲಿ. ಅಲ್ಲಿನ ತಂಡದ ನಾಯಕನಾಗಿ ಅಂತರಕಾಲೇಜು ಪಂದ್ಯಗಳಲ್ಲಿ ಹೆಸರು ಮಾಡಿದ ಹುಡುಗ, ಓದು ಮುಗಿಯುವ ಮೊದಲೇ ಮುಂಬಯಿಯ ಕೋಮುವಾರು ಪಂದ್ಯಾವಳಿಯಲ್ಲಿ ಹಿಂದೂಗಳ ತಂಡ ಸೇರಿದ್ದ. 1932ರಲ್ಲಿ ಭಾರತ ಮೊದಲ ಟೆಸ್ಟ್ ಆಡಲು ಇಂಗ್ಲೆಂಡಿಗೆ ಹೊರಟಾಗ ಮರ್ಚಂಟ್ ಹೋಗಲಿಲ್ಲ. ಗಾಂಧೀಜಿ ಸೆರೆಮನೆಯಲ್ಲಿದ್ದರು, ಅದನ್ನು ಪ್ರತಿಭಟಿಸಿ ಹಿಂದೂ ಜಿಮ್ಖಾನಾದ ಆಟಗಾರರು ಪ್ರವಾಸದಿಂದ ದೂರ ಉಳಿದರು. ಆಟದಿಂದ ಹೊಟ್ಟೆ ಹೊರೆಯಬೇಕಾದ ಸ್ಥಿತಿಯಲ್ಲಿ ಮರ್ಚಂಟ್ ಎಂದೂ ಇರಲಿಲ್ಲ ಎಂಬುದನ್ನೂ ಇಲ್ಲಿ ನೆನೆಯಬೇಕು. ಮುಂದೆ ಆರೋಗ್ಯದ ಕಾರಣ ಪ್ರವಾಸ ಬಿಡಬೇಕಾಗಿ ಬಂದಾಗಲೂ ಅವರ ಬೆನ್ನಿಗೆ ಗಿರಣಿಯಿತ್ತು.

ಮೊದಲ ಟೆಸ್ಟ್ ಸಿಕ್ಕಿದ್ದು 1933ರ ಡಿಸೆಂಬರಿನಲ್ಲಿ, ಬಾಂಬೆ ಜಿಮ್ಖಾನಾ ಮೈದಾನದಲ್ಲಿ. 1936ರಲ್ಲಿ ಓಲ್ಡ್ ಟ್ರಾಫರ್ಡ್‌ನಲ್ಲಿ ಮುಷ್ತಾಕ್ ಅಲಿ ಜೊತೆ ಮೊದಲ ವಿಕೆಟ್ಟಿಗೆ 203 ರನ್ ಸೇರಿಸಿದರು. ಮುಷ್ತಾಕ್ ಮುನ್ನುಗ್ಗಿ ಹೊಡೆಯುವವರು, ಮರ್ಚಂಟ್ ಲೆಕ್ಕ ಹಾಕಿ ಆಡುವವರು. ಚೆಂಡನ್ನು ಕೊನೇ ಗಳಿಗೆಯವರೆಗೂ ಕಾದು ವಿಕೆಟ್ ಹಿಂದಕ್ಕೆ ಸವರಿ ಕಳಿಸುವ ಲೇಟ್ ಕಟ್ ಅವರ ಹೆಗ್ಗುರುತು.

ಯುದ್ಧದ ವರ್ಷಗಳಲ್ಲಿ ಟೆಸ್ಟ್ ನಿಂತಿತು, ದೇಶದೊಳಗಿನ ಆಟ ನಿಲ್ಲಲಿಲ್ಲ. ವಿಜಯ್ ಹಜಾರೆ ಮತ್ತು ಮರ್ಚಂಟ್ ಒಬ್ಬರ ದಾಖಲೆಯನ್ನೊಬ್ಬರು ಮುರಿಯುತ್ತ ಹೋದರು. ಪಂಚಕೋನ ಎನಿಸಿಕೊಂಡಿದ್ದ ಅದೇ ಕೋಮುವಾರು ಪಂದ್ಯಾವಳಿಯ 1943ರ ಫೈನಲ್‌ನಲ್ಲಿ ಮರ್ಚಂಟ್ ಔಟಾಗದೆ 250 ಹೊಡೆದರೆ, ಎದುರು ಪಾಳಯದ ಹಜಾರೆ ತಂಡದ 387ರಲ್ಲಿ ಒಬ್ಬರೇ 309 ಗಳಿಸಿದರು. ಅದೇ ಋತುವಿನಲ್ಲಿ ಮಹಾರಾಷ್ಟ್ರದ ವಿರುದ್ಧ ರಣಜಿ ಪಂದ್ಯದಲ್ಲಿ ಮರ್ಚಂಟ್ ಔಟಾಗದೆ 359ಕ್ಕೆ ಏರಿದರು. ಪ್ರಥಮ ದರ್ಜೆಯಲ್ಲಿ ಅವರ ಸರಾಸರಿ 71.64, ಆ ಕಾಲದಲ್ಲಿ ಅವರಿಗಿಂತ ಮೇಲಿದ್ದವರು ಬ್ರಾಡ್ಮನ್ ಮಾತ್ರ. ಹದಿನೆಂಟು ವರ್ಷಗಳ ಅವಧಿಯಲ್ಲಿ ಆಡಿದ ಟೆಸ್ಟ್‌ಗಳು ಮಾತ್ರ ಹತ್ತೇ, ಎಲ್ಲವೂ ಇಂಗ್ಲೆಂಡ್ ವಿರುದ್ಧ. ಕೊನೆಯದು 1951ರಲ್ಲಿ ದೆಹಲಿಯದು. ನಲವತ್ತರ ವಯಸ್ಸಿನಲ್ಲಿ 154 ರನ್ ಗಳಿಸಿದರು. ಫೀಲ್ಡಿಂಗ್ ಮಾಡುವಾಗ ಭುಜಕ್ಕಾದ ಪೆಟ್ಟು ಆಟವನ್ನು ಮುಗಿಸಿತು.

ಆಮೇಲೆ ಹಿಂದೂಸ್ತಾನ್ ಸ್ಪಿನ್ನಿಂಗ್ ಅಂಡ್ ವೀವಿಂಗ್ ಮಿಲ್ಸ್‌ನ ಕೆಲಸ. ಮರ್ಚಂಟ್ ಉಳಿದ ಗಿರಣಿ ಮಾಲೀಕರಿಂದ ಬೇರೆಯಾಗಿ ಕಾಣುವುದು ಅಂಧರಿಗಾಗಿ, ಅಂಗವಿಕಲರಿಗಾಗಿ ಮಾಡಿದ ಕೆಲಸದಿಂದ. ದಾನ ಕೊಟ್ಟು ಸುಮ್ಮನಾಗದೆ ಅವರಿಗೆ ಉದ್ಯೋಗ ಸಿಗಬೇಕೆಂದು ದುಡಿದರು. ಮುಂಬಯಿಯ ಶೆರೀಫ್ ಪದವಿಯನ್ನೂ ನಿರ್ವಹಿಸಿದರು. ರೇಡಿಯೊದಲ್ಲಿ ಅವರ ಭಾನುವಾರದ ಕ್ರಿಕೆಟ್ ಕಾರ್ಯಕ್ರಮಕ್ಕೆ ದೊಡ್ಡ ಕೇಳುಗವರ್ಗವೇ ಇತ್ತು.

ಆಯ್ಕೆ ಸಮಿತಿಯ ಅಧ್ಯಕ್ಷರಾಗಿ ಅವರು ಹೊಸಬರ ಮೇಲೆ ಬಾಜಿ ಕಟ್ಟಿದರು. ಭದ್ರಾವತಿಯ ಜಿ. ಆರ್. ವಿಶ್ವನಾಥ್ 1969ರಲ್ಲಿ ಕಾನ್ಪುರದಲ್ಲಿ ಆಸ್ಟ್ರೇಲಿಯಾ ವಿರುದ್ಧ ಮೊದಲ ಟೆಸ್ಟ್ ಆಡಿದ್ದು ಈ ಅವಧಿಯಲ್ಲೇ. ಮೊದಲ ಇನಿಂಗ್ಸ್‌ನಲ್ಲಿ ಸೊನ್ನೆ, ಎರಡನೆಯದರಲ್ಲಿ 137. 1971ರ ಜನವರಿಯಲ್ಲಿ ನಾಯಕತ್ವಕ್ಕೆ ಮತಗಳು ಸಮವಾದಾಗ ಮರ್ಚಂಟ್ ತಮ್ಮ ನಿರ್ಣಾಯಕ ಮತವನ್ನು ಆಗಿನ ನಾಯಕ ಪಟೌಡಿಗೆ ಕೊಡದೆ ಅಜಿತ್ ವಾಡೇಕರ್‌ಗೆ ಕೊಟ್ಟರು. 1946ರ ಇಂಗ್ಲೆಂಡ್ ಪ್ರವಾಸಕ್ಕೆ ಪಟೌಡಿಯ ತಂದೆ, ಹಿರಿಯ ಪಟೌಡಿ, ನಾಯಕರಾಗಿ, ತಾವು ಉಪನಾಯಕರಾಗಿ ಉಳಿದ ಹಳೆಯ ಲೆಕ್ಕ ಇದು ಎಂದು ಆಡಿಕೊಂಡವರಿದ್ದರು. ಹಾಗೆ ನಂಬಲು ಗಟ್ಟಿ ಆಧಾರವಿಲ್ಲ. 1971ರಲ್ಲೇ ವಾಡೇಕರ್ ತಂಡ ವೆಸ್ಟ್ ಇಂಡೀಸ್‌ನಲ್ಲೂ ಇಂಗ್ಲೆಂಡ್‌ನಲ್ಲೂ ಸರಣಿ ಗೆದ್ದು ಬಂತು.

1982ರ ಜನವರಿಯಲ್ಲಿ ಕಾರ್ಮಿಕ ನಾಯಕ ದತ್ತಾ ಸಾಮಂತರ ನೇತೃತ್ವದಲ್ಲಿ ಶುರುವಾದ ಮುಷ್ಕರ, ಮರ್ಚಂಟ್ ಮನೆತನಕ್ಕೆ ಸಿರಿ ತಂದಿದ್ದ ಮುಂಬಯಿಯ ಬಟ್ಟೆ ಗಿರಣಿಗಳ ಬೆನ್ನು ಮುರಿಯಿತು. ಮರ್ಚಂಟ್ 1987ರ ಅಕ್ಟೋಬರ್ 27ರಂದು ಅದೇ ಊರಿನಲ್ಲಿ ತೀರಿಕೊಂಡರು. ದೇಶದಲ್ಲಿ ಆಗ ವಿಶ್ವಕಪ್ ನಡೆಯುತ್ತಿತ್ತು. ಹದಿನಾರು ವರ್ಷದೊಳಗಿನ ಹುಡುಗರ ರಾಷ್ಟ್ರೀಯ ಪಂದ್ಯಾವಳಿಗೆ ಅವರ ಹೆಸರಿದೆ.